ತನ್ನೂರಿಗೇ ಗುಂಡು ಹಾರಿಸಿದ ಹಡಗು: ಐರ್ಲೆಂಡಿನ ‘ಮುಯಿರ್‌ಖೂ’ ಪ್ರಕರಣ

1923ರ ಆಗಸ್ಟ್‌ನಲ್ಲಿ ಐರ್ಲೆಂಡಿನಲ್ಲಿ ಒಂದು ಹಡಗಿನ ಹೆಸರು ಬದಲಾಯಿತು. ಅಲ್ಲಿಯವರೆಗೆ ಅದು ‘ಹೆಲ್ಗಾ’. ಆಮೇಲೆ ‘ಮುಯಿರ್‌ಖೂ’. ಐರಿಷ್ ಭಾಷೆಯಲ್ಲಿ ಹಾಗೆಂದರೆ ಕಡಲ ಬೇಟೆನಾಯಿ. ಆಗಷ್ಟೇ ಹುಟ್ಟಿದ್ದ ದೇಶ, ಅದರ ಕೈಗೆ ಬಂದ ಮೊದಮೊದಲ ಹಡಗುಗಳಲ್ಲಿ ಒಂದು. ಸಂಭ್ರಮದ ಸುದ್ದಿಯಾಗಬೇಕಿತ್ತು ಅಲ್ವಾ? ಆದರೆ ಡಬ್ಲಿನ್ನಿನ ಜನಕ್ಕೆ ಹೆಲ್ಗಾ ಎಂದರೆ ಬೇರೆಯದೇ ನೆನಪು. ಏಳು ವರ್ಷಗಳ ಹಿಂದೆ ಇದೇ ಹಡಗು ಲಿಫಿ ನದಿಯೊಳಗೆ ಬಂದು ಅವರ ಊರಿನ ಮೇಲೆ ಗುಂಡು ಹಾರಿಸಿತ್ತು.

ಊರಿಗೆ ಗುಂಡು ಹೊಡೆದ ಹಡಗನ್ನೇ ಊರಿನವರು ಯಾಕೆ ಇಟ್ಟುಕೊಂಡರು? ಈ ಪ್ರಶ್ನೆ ಹಿಡಿದು ಹೊರಟರೆ ಒಂದು ಪುಟ್ಟ ದೇಶದ ನೌಕಾಪಡೆ ಹುಟ್ಟಿದ ಇಡೀ ಕಥೆ ತೆರೆದುಕೊಳ್ಳುತ್ತದೆ. ಬಡತನ, ಹಠ, ಅಂತರ್ಯುದ್ಧ ಎಲ್ಲವೂ ಅದರಲ್ಲಿವೆ. ಆದರೆ ನನ್ನ ಮಟ್ಟಿಗೆ ಮುಖ್ಯ ಕಾರಣ ಬೇರೆ. ಒಂದು ಒಪ್ಪಂದದ ಒಂದೇ ಒಂದು ವಾಕ್ಯ. ಅದಕ್ಕೆ ಆಮೇಲೆ ಬರುತ್ತೇನೆ. ಮೊದಲು ಹಡಗನ್ನು ನೋಡೋಣ.

ಮೀನು ಕಾಯುವ ಹಡಗು

ಹೆಲ್ಗಾ ಯುದ್ಧಕ್ಕೆಂದು ಕಟ್ಟಿದ್ದೇ ಅಲ್ಲ. 1908ರಲ್ಲಿ ಡಬ್ಲಿನ್ನಿನಲ್ಲೇ, ಲಿಫಿ ನದಿ ಕಡಲು ಸೇರುವ ಕಡೆ ಇದ್ದ ಡಾಕ್‌ಯಾರ್ಡಿನಲ್ಲಿ ಅದನ್ನು ಕಟ್ಟಿದರು. ಆಗ ಐರ್ಲೆಂಡ್ ಇಡಿಯಾಗಿ ಬ್ರಿಟಿಷರ ಆಳ್ವಿಕೆಯಲ್ಲಿತ್ತು. ಅಲ್ಲಿನ ಕೃಷಿ ಮತ್ತು ತಾಂತ್ರಿಕ ಶಿಕ್ಷಣ ಇಲಾಖೆ ಮೀನುಗಾರಿಕೆಯನ್ನೂ ನೋಡಿಕೊಳ್ಳುತ್ತಿತ್ತು. ಕಳ್ಳತನದಲ್ಲಿ ಬಲೆ ಎಳೆಯುವ ಟ್ರಾಲರ್‌ಗಳನ್ನು ಹಿಡಿಯಲು, ಕಡಲಿನ ಜೀವಿಗಳ ಅಧ್ಯಯನ ಮಾಡಲು ಇಲಾಖೆಗೆ ಒಂದು ಹಡಗು ಬೇಕಿತ್ತು. ಅದೇ ಹೆಸರಿನ ಹಳೆಯ ಹಡಗೊಂದು ಇತ್ತು, ಅದರ ಜಾಗಕ್ಕೆ ಇದು ಬಂತು.

ದೊಡ್ಡದೇನಲ್ಲ. ಉದ್ದ ಸುಮಾರು 155 ಅಡಿ, ತೂಕ 323 ಟನ್. ಕಲ್ಲಿದ್ದಲಿನ ಉಗಿ ಎಂಜಿನ್. ನೋಡಲು ಶ್ರೀಮಂತರ ವಿಹಾರ ನೌಕೆಯ ಹಾಗೆ ಚೆಂದದ ಮೈಕಟ್ಟು.

ಈ ಶಾಂತಿಕಾಲದ ಕೆಲಸವನ್ನು ಯಾರೂ ಜಾಸ್ತಿ ನೆನೆಸಿಕೊಳ್ಳುವುದಿಲ್ಲ. ನನಗೆ ಅದು ಬೇಸರದ ಸಂಗತಿ. 1909ರಿಂದ 1911ರವರೆಗೆ ಐರ್ಲೆಂಡಿನ ಪಶ್ಚಿಮ ಕಡಲಿನ ಕ್ಲೇರ್ ದ್ವೀಪದಲ್ಲಿ ಒಂದು ದೊಡ್ಡ ಜೀವವಿಜ್ಞಾನ ಸಮೀಕ್ಷೆ ನಡೆಯಿತು. ರಾಬರ್ಟ್ ಲಾಯ್ಡ್ ಪ್ರೇಗರ್ ಅದರ ಮುಂದಾಳು. ಒಂದೇ ದ್ವೀಪದ ಮತ್ತು ಸುತ್ತಲಿನ ಕಡಲಿನ ಗಿಡ, ಹುಳು, ಮೀನು, ಚಿಪ್ಪು ಎಲ್ಲವನ್ನೂ ಲೆಕ್ಕ ಹಾಕುವ ಕೆಲಸ. ಕಡಲ ತಳದಿಂದ ಮಾದರಿ ಎತ್ತಲು ಹೋದದ್ದು ಇದೇ ಹೆಲ್ಗಾ. ಮುಂದೆ ಗುಂಡಿನ ಹೆಸರಿನಲ್ಲಿ ಕುಖ್ಯಾತವಾದ ಹಡಗು ಮೊದಲು ಮಾಡಿದ ಕೆಲಸ ಏಡಿ, ನಕ್ಷತ್ರಮೀನು ಎಣಿಸುವುದು.

1915ರಲ್ಲಿ ಬ್ರಿಟಿಷ್ ನೌಕಾಪಡೆ ಅದನ್ನು ತನ್ನ ವಶಕ್ಕೆ ತೆಗೆದುಕೊಂಡಿತು. ಮೊದಲ ಮಹಾಯುದ್ಧದ ಸಮಯ. ಜರ್ಮನ್ ಸಬ್‌ಮರೀನುಗಳನ್ನು ಹುಡುಕಲು ಸಿಕ್ಕ ಸಿಕ್ಕ ಸಣ್ಣ ಹಡಗಿಗೆಲ್ಲ ಫಿರಂಗಿ ಕೂರಿಸುತ್ತಿದ್ದರು. ಹೆಲ್ಗಾಕ್ಕೆ ಸಿಕ್ಕಿದ್ದು 12 ಪೌಂಡರ್ ಫಿರಂಗಿ. ಸುಮಾರು ಐದೂವರೆ ಕಿಲೋ ತೂಕದ ಷೆಲ್ ಹಾರಿಸುವಂಥದ್ದು. ನೌಕಾಪಡೆಯ ಲೆಕ್ಕದಲ್ಲಿ ಅದು ಸಣ್ಣ ಫಿರಂಗಿ. ಇಟ್ಟಿಗೆ ಮನೆಗಳ ಊರಿನ ಲೆಕ್ಕದಲ್ಲಿ ಹಾಗಲ್ಲ.

ಬುಧವಾರ ಬೆಳಿಗ್ಗೆ

1916ರ ಏಪ್ರಿಲ್ 24, ಈಸ್ಟರ್ ಸೋಮವಾರ. ಡಬ್ಲಿನ್ನಿನಲ್ಲಿ ದಂಗೆ ಎದ್ದಿತು. ಬಂಡಾಯಗಾರರು ಜನರಲ್ ಪೋಸ್ಟ್ ಆಫೀಸನ್ನು ಹಿಡಿದು ಐರಿಷ್ ಗಣರಾಜ್ಯ ಘೋಷಿಸಿದರು. ಆ ಘೋಷಣೆಯ ಹಾಳೆಗಳನ್ನು ಹಿಂದಿನ ದಿನ ಮುದ್ರಿಸಿದ್ದು ಲಿಬರ್ಟಿ ಹಾಲ್‌ನಲ್ಲಿ. ನದಿ ದಂಡೆಯ ಆ ಕಟ್ಟಡ ಕೂಲಿ ಕಾರ್ಮಿಕರ ಸಂಘದ ಮನೆ. ಸಂಘದ ನಾಯಕ ಜೇಮ್ಸ್ ಕಾನೊಲಿ, ದಂಗೆಯ ಮುಂದಾಳುಗಳಲ್ಲೂ ಒಬ್ಬ. 1914ರಲ್ಲಿ ಕಟ್ಟಡದ ಮೇಲೆ ಉದ್ದದ ಬ್ಯಾನರ್ ಹಾಕಿದ್ದರು: ನಾವು ಇಂಗ್ಲೆಂಡಿನ ರಾಜನಿಗೂ ಆಳಲ್ಲ, ಜರ್ಮನಿಯ ಕೈಸರನಿಗೂ ಆಳಲ್ಲ, ಐರ್ಲೆಂಡಿನ ಆಳುಗಳು ಎಂಬ ಅರ್ಥದ್ದು. ಬ್ರಿಟಿಷರಿಗೆ ದಂಗೆಯ ಬೇರು ಅಲ್ಲೇ ಇದೆ ಎಂಬ ನಂಬಿಕೆ ಬಂದಿದ್ದರಲ್ಲಿ ಆಶ್ಚರ್ಯವಿಲ್ಲ.

ಬುಧವಾರ, 26ನೇ ತಾರೀಖು ಬೆಳಿಗ್ಗೆ ಹೆಲ್ಗಾ ನದಿಯಲ್ಲಿ ಮೇಲಕ್ಕೆ ಬಂತು. ಆದರೆ ಗುರಿಗೂ ಹಡಗಿಗೂ ನಡುವೆ ಲೂಪ್‌ಲೈನ್ ಎಂಬ ರೈಲು ಸೇತುವೆ ಅಡ್ಡ ಇತ್ತು. ನೇರ ಹೊಡೆಯಲು ಆಗದೆ ಸೇತುವೆಯ ಮೇಲಿಂದ ದಾಟಿಸಿ ಷೆಲ್ ಹಾಕಬೇಕಾಯಿತು. ಇತ್ತ ನದಿಯ ಇನ್ನೊಂದು ದಂಡೆಯಿಂದ ಸೈನ್ಯದ 18 ಪೌಂಡರ್ ಫಿರಂಗಿಗಳೂ ಅದೇ ಕಟ್ಟಡಕ್ಕೆ ಹೊಡೆಯತೊಡಗಿದವು. ಲಿಬರ್ಟಿ ಹಾಲ್‌ನ ಒಳಗೆಲ್ಲ ಪುಡಿಪುಡಿಯಾಯಿತು. ಹೊರಗೋಡೆ ನಿಂತೇ ಇತ್ತು. ಅಕ್ಕಪಕ್ಕದ ಕಟ್ಟಡಗಳಿಗೂ ಪೆಟ್ಟು ಬಿತ್ತು.

ಒಳಗೆ ಬಂಡಾಯಗಾರರು ಯಾರೂ ಇರಲಿಲ್ಲ. ಅವರೆಲ್ಲ ಸೋಮವಾರವೇ ಹೊರಟು ಹೋಗಿದ್ದರು. ಇದ್ದದ್ದು ಕಟ್ಟಡ ನೋಡಿಕೊಳ್ಳುವ ಒಬ್ಬ ಮನುಷ್ಯ. ಅವನೂ ಓಡಿ ಪಾರಾದ.

ಇಲ್ಲಿ ಸ್ವಲ್ಪ ನಿಧಾನಿಸಬೇಕು. ಆ ವಾರ ಡಬ್ಲಿನ್ನಿನ ನಡುಭಾಗ ಸುಟ್ಟು ಬೂದಿಯಾಯಿತು. ಪೋಸ್ಟ್ ಆಫೀಸು ಶುಕ್ರವಾರ ಹೊತ್ತಿ ಉರಿಯಿತು. ಶನಿವಾರ ಬಂಡಾಯಗಾರರು ಶರಣಾದರು. ಸತ್ತವರಲ್ಲಿ ಅರ್ಧಕ್ಕಿಂತ ಜಾಸ್ತಿ ಮಂದಿ ಸಾಮಾನ್ಯ ಜನ. ಈ ಹಾನಿಯ ಬಹುಪಾಲು ಮಾಡಿದ್ದು ನೆಲದ ಮೇಲಿನ ಫಿರಂಗಿಗಳು ಮತ್ತು ಅವುಗಳಿಂದ ಹಬ್ಬಿದ ಬೆಂಕಿ. ಹೆಲ್ಗಾದ ಪಾಲು ಅದರಲ್ಲಿ ಸಣ್ಣದು. ಆದರೂ ಜನರ ನೆನಪಿನಲ್ಲಿ ಊರು ಸುಟ್ಟದ್ದು ‘ಗನ್‌ಬೋಟ್ ಹೆಲ್ಗಾ’. ಇದು ನನಗೆ ಅರ್ಥವಾಗುತ್ತದೆ. ಬೀದಿ ಮೂಲೆಯ ಫಿರಂಗಿಗೆ ಹೆಸರಿರುವುದಿಲ್ಲ. ಹಡಗಿಗೆ ಇರುತ್ತದೆ. ಅದು ಎಲ್ಲರಿಗೂ ಕಾಣುವ ಹಾಗೆ ನದಿ ಮಧ್ಯೆ ನಿಂತಿರುತ್ತದೆ. ಅದರಲ್ಲೂ ಈ ಹಡಗನ್ನು ಕಟ್ಟಿದ್ದು ಅದೇ ನದಿಯ ದಂಡೆಯಲ್ಲಿ. ಮನೆಮಗಳೇ ಕಲ್ಲೆಸೆದ ಹಾಗೆ ಅನಿಸಿರಬೇಕು.

ಬೋಲಂಡ್ ಗಿರಣಿಯ ಕಡೆಗೂ ಹೆಲ್ಗಾ ಗುಂಡು ಹಾರಿಸಿತ್ತು. ಅಲ್ಲಿನ ಬಂಡಾಯಗಾರರ ನಾಯಕ ಏಮನ್ ಡಿ ವಲೇರಾ. ಹತ್ತಿರದಲ್ಲಿ ಪಾಳುಬಿದ್ದ ಡಿಸ್ಟಿಲರಿ ಗೋಪುರ ಒಂದಿತ್ತು. ಅದರ ತುದಿಗೆ ಹಸಿರು ಬಾವುಟ ಕಟ್ಟಿಸಿ, ಬ್ರಿಟಿಷರ ಗುಂಡೆಲ್ಲ ಆ ಖಾಲಿ ಗೋಪುರಕ್ಕೆ ಬೀಳುವಂತೆ ಮಾಡಿದರು ಎಂಬುದು ಪ್ರಸಿದ್ಧ ಕಥೆ. ಡಿ ವಲೇರಾ ಹೆಸರು ನೆನಪಿಟ್ಟುಕೊಳ್ಳಿ. ಈ ಹಡಗಿನ ಕಥೆಯಲ್ಲಿ ಅವರು ಮತ್ತೆ ಬರುತ್ತಾರೆ.

ಆಗ ಡಬ್ಲಿನ್ನಿನಲ್ಲಿ ಕಾನೂನು ಓದುತ್ತಿದ್ದ ಒಬ್ಬ ಭಾರತೀಯ ಯುವಕನೂ ಇದ್ದ. ವಿ.ವಿ. ಗಿರಿ. 1913ರಲ್ಲಿ ಹೋದವರು, ಅಲ್ಲಿನ ಕಾರ್ಮಿಕ ಚಳವಳಿಗೆ ಮನಸೋತರು. ದಂಗೆಯ ನಂತರ, 1916ರಲ್ಲೇ ಐರ್ಲೆಂಡ್ ಬಿಡಬೇಕಾಯಿತು. ಊರಿಗೆ ಬಂದು ರೈಲ್ವೆ ಕಾರ್ಮಿಕರ ಸಂಘಟನೆಗೆ ಇಳಿದರು. 1965ರಿಂದ 1967ರವರೆಗೆ ನಮ್ಮ ಮೈಸೂರು ರಾಜ್ಯದ ರಾಜ್ಯಪಾಲರಾಗಿದ್ದವರು ಇವರೇ. ಆಮೇಲೆ ರಾಷ್ಟ್ರಪತಿ. ಲಿಬರ್ಟಿ ಹಾಲ್‌ನ ಕಾಲವನ್ನು ಕಣ್ಣಾರೆ ಕಂಡ ಒಬ್ಬರು ಬೆಂಗಳೂರಿನ ರಾಜಭವನದಲ್ಲಿ ಇದ್ದರು ಎಂದು ತಿಳಿದಾಗ ಈ ಕಥೆ ನನಗೆ ಇನ್ನೂ ಹತ್ತಿರವಾಯಿತು.

ಕಾನೊಲಿಗೆ ಕಾಲಿಗೆ ಗಾಯವಾಗಿತ್ತು, ನಿಲ್ಲಲು ಆಗುತ್ತಿರಲಿಲ್ಲ. ಮೇ 12ರಂದು ಕುರ್ಚಿಯ ಮೇಲೆ ಕೂರಿಸಿ ಗುಂಡಿಟ್ಟು ಕೊಂದರು. ಡಿ ವಲೇರಾಗೆ ಆದ ಮರಣದಂಡನೆ ಜೈಲು ಶಿಕ್ಷೆಗೆ ಇಳಿಯಿತು.

ಹೆಲ್ಗಾದ ಖಾತೆಯಲ್ಲಿ ಒಳ್ಳೆಯದೂ ಇದೆ. 1918ರ ಅಕ್ಟೋಬರ್ 10ರಂದು ‘ಲೆನ್‌ಸ್ಟರ್’ ಎಂಬ ಅಂಚೆ ಹಡಗನ್ನು ಡಬ್ಲಿನ್ ಕೊಲ್ಲಿಯ ಹೊರಗೆ ಜರ್ಮನ್ ಸಬ್‌ಮರೀನ್ ಮುಳುಗಿಸಿತು. 500ಕ್ಕೂ ಹೆಚ್ಚು ಜನ ಸತ್ತರು. ಬದುಕಿದವರನ್ನು ನೀರಿನಿಂದ ಎತ್ತಿದ ಹಡಗುಗಳಲ್ಲಿ ಹೆಲ್ಗಾ ಕೂಡ ಒಂದು. ಮುಂದೆ ಸ್ವಾತಂತ್ರ್ಯ ಯುದ್ಧದ ಕಾಲಕ್ಕೆ ಮತ್ತೆ ಕೆಟ್ಟ ಹೆಸರು. ರಸ್ತೆಯಲ್ಲಿ ಹೋದರೆ ಹೊಂಚುದಾಳಿ ಎಂದು ಬ್ರಿಟಿಷರು ‘ಬ್ಲ್ಯಾಕ್ ಆ್ಯಂಡ್ ಟ್ಯಾನ್ಸ್’ ಎಂಬ, ಬಂಡಾಯ ಹತ್ತಿಕ್ಕಲು ಸೇರಿಸಿಕೊಂಡ ಪೊಲೀಸ್ ಪಡೆಯವರನ್ನು ಇದೇ ಹಡಗಿನಲ್ಲಿ ಕರಾವಳಿ ಸುತ್ತ ಸಾಗಿಸುತ್ತಿದ್ದರು.

ಒಪ್ಪಂದದ ಒಂದು ವಾಕ್ಯ

1921ರ ಡಿಸೆಂಬರ್ 6ರಂದು ಲಂಡನ್ನಿನಲ್ಲಿ ಆಂಗ್ಲೋ-ಐರಿಷ್ ಒಪ್ಪಂದಕ್ಕೆ ಸಹಿ ಬಿತ್ತು. ಐರ್ಲೆಂಡಿನ 32 ಕೌಂಟಿಗಳಲ್ಲಿ 26 ಸೇರಿ ಐರಿಷ್ ಫ್ರೀ ಸ್ಟೇಟ್ ಆಯಿತು. ಈ ಒಪ್ಪಂದದ ವಿಷಯ ಬಂದಾಗ ಎಲ್ಲರೂ ರಾಜನಿಗೆ ನಿಷ್ಠೆಯ ಪ್ರಮಾಣ, ದೇಶ ವಿಭಜನೆ, ಇವನ್ನೇ ಮಾತಾಡುತ್ತಾರೆ. ಅದಕ್ಕಾಗಿಯೇ ಒಪ್ಪಂದ ಒಪ್ಪಿದವರಿಗೂ ಒಪ್ಪದವರಿಗೂ ಅಂತರ್ಯುದ್ಧ ನಡೆದದ್ದು ನಿಜ. ಆದರೆ ಹಡಗಿನ ಕಥೆಗೆ ಬೇಕಾದದ್ದು ಆರನೇ ಕಲಂ.

ಅದು ಹೇಳುವುದು ಇಷ್ಟು. ಬೇರೆ ಏರ್ಪಾಡು ಆಗುವವರೆಗೆ ಐರ್ಲೆಂಡಿನ ಕಡಲ ರಕ್ಷಣೆ ಬ್ರಿಟಿಷ್ ಸಾಮ್ರಾಜ್ಯದ ಪಡೆಗಳದ್ದು. ಸುಂಕದ ರಕ್ಷಣೆಗೆ ಅಥವಾ ಮೀನುಗಾರಿಕೆಯ ರಕ್ಷಣೆಗೆ ಬೇಕಾದ ಹಡಗುಗಳನ್ನು ಮಾತ್ರ ಫ್ರೀ ಸ್ಟೇಟ್ ಇಟ್ಟುಕೊಳ್ಳಲು ಅಡ್ಡಿಯಿಲ್ಲ. ಐದು ವರ್ಷದ ನಂತರ ಎರಡೂ ಕಡೆಯವರು ಕೂತು ಮಾತಾಡಬಹುದು. ಏಳನೇ ಕಲಂ ಪ್ರಕಾರ ಕಾರ್ಕ್ ಬಂದರು, ಬೆರ್‌ಹೇವನ್, ಲಾಕ್ ಸ್ವಿಲಿ, ಈ ಮೂರು ಆಳವಾದ ಬಂದರುಗಳು ಬ್ರಿಟಿಷ್ ನೌಕಾಪಡೆಯ ಕೈಯಲ್ಲೇ ಉಳಿದವು.

ಈ ಕಲಂ ಓದಿದಾಗ ನನಗೆ ಒಂದು ಮನೆ ಕಣ್ಣಿಗೆ ಬರುತ್ತದೆ. ಮನೆ ನಿಮ್ಮದು, ಬೀಗದ ಕೈ ಮಾತ್ರ ಹಿಂದಿನ ಮಾಲೀಕನದು. ನೀವು ಹಿತ್ತಲಿನ ತರಕಾರಿ ಕಾಯಲು ಒಂದು ದೊಣ್ಣೆ ಇಟ್ಟುಕೊಳ್ಳಬಹುದು, ಅಷ್ಟೇ.

ಈಗ ಹೆಲ್ಗಾ ಯಾಕೆ ಎಂಬುದು ಸ್ಪಷ್ಟವಾಗುತ್ತದೆ. ಒಪ್ಪಂದದ ಒಳಗೆ ನಿಂತು ಇಟ್ಟುಕೊಳ್ಳಬಹುದಾದ ಹಡಗು ಎಂದರೆ ಮೀನುಗಾರಿಕೆ ಕಾಯುವ ಹಡಗು. ಹೆಲ್ಗಾ ಕಟ್ಟಿದ್ದೇ ಆ ಕೆಲಸಕ್ಕೆ. ಅದರ ಮೂಲ ಯಜಮಾನ ಐರ್ಲೆಂಡಿನ ಇಲಾಖೆಯೇ. ಹೊಸ ಸರ್ಕಾರದ ಖಜಾನೆ ಅಂತರ್ಯುದ್ಧದಿಂದ ಬರಿದಾಗಿತ್ತು, ಹೊಸ ಹಡಗು ಕೊಳ್ಳುವ ಮಾತೇ ಇಲ್ಲ. ನಮ್ಮ ತೆರಿಗೆ ದುಡ್ಡಿನಿಂದ, ನಮ್ಮ ಊರಿನಲ್ಲಿ ಕಟ್ಟಿದ ಹಡಗನ್ನು ಸುಮ್ನೆ ಯಾಕೆ ಬಿಡಬೇಕು? ಅದನ್ನು ವಾಪಸು ಪಡೆದು ಹೊಸ ಹೆಸರಿಟ್ಟದ್ದು ಸರಿಯಾದ ನಿರ್ಧಾರ ಎಂದೇ ನಾನು ನಂಬುತ್ತೇನೆ. 1916ರಲ್ಲಿ ಫಿರಂಗಿಯ ಗುರಿ ನಿರ್ಧರಿಸಿದ್ದು ಕಬ್ಬಿಣವಲ್ಲ, ಮನುಷ್ಯರು.

ಆ ಹೊತ್ತಿಗೆ ಫ್ರೀ ಸ್ಟೇಟ್ ‘ಕೋಸ್ಟಲ್ ಆ್ಯಂಡ್ ಮರೀನ್ ಸರ್ವಿಸ್’ ಎಂಬ ಪಡೆ ಕಟ್ಟಿತ್ತು. 1923ರ ಮೇನಲ್ಲಿ ಶುರು. ಕಡಲ ದಾರಿಯಲ್ಲಿ ಬಂಡುಕೋರರಿಗೆ ಬಂದೂಕು ಬರದಂತೆ ತಡೆಯುವುದು ಅದರ ಮುಖ್ಯ ಕೆಲಸ. ಬ್ರಿಟಿಷರ ಹಳೆಯ ಟ್ರಾಲರ್‌ಗಳು, ಸಣ್ಣಪುಟ್ಟ ದೋಣಿಗಳು, ಜೊತೆಗೆ ಮುಯಿರ್‌ಖೂ. ಆದರೆ ಅದೇ ಮೇ ತಿಂಗಳಲ್ಲಿ ಅಂತರ್ಯುದ್ಧ ಮುಗಿಯಿತು. ಇನ್ನು ಇದಕ್ಕೆಲ್ಲ ದುಡ್ಡು ಯಾಕೆ ಎಂಬ ಪ್ರಶ್ನೆ ಬಂತು. 1924ರ ಮಾರ್ಚ್‌ಗೆ ಪಡೆಯನ್ನೇ ಮುಚ್ಚಿದರು. ಒಂದು ವರ್ಷವೂ ತುಂಬಲಿಲ್ಲ. ಉಳಿದ ಒಂದೇ ಹಡಗು ಮುಯಿರ್‌ಖೂ. ಅದೂ ಮೀನುಗಾರಿಕೆ ಇಲಾಖೆಗೆ ಹೋಯಿತು.

ಆಮೇಲಿನ ಹತ್ತು ಹನ್ನೆರಡು ವರ್ಷ ಇಡೀ ದೇಶದ ಕರಾವಳಿಗೆ ಇದೊಂದೇ ಕಾವಲು. ಡೊನಿಗಾಲ್‌ನಿಂದ ಕಾರ್ಕ್‌ವರೆಗೆ ಅಟ್ಲಾಂಟಿಕ್ ತೀರ, ಆಮೇಲೆ ಪೂರ್ವದ ಐರಿಷ್ ಕಡಲು. ಕಾನೂನು ಪ್ರಕಾರ ದಡದಿಂದ ಮೂರು ನಾಟಿಕಲ್ ಮೈಲಿ ಒಳಗೆ ವಿದೇಶಿ ಟ್ರಾಲರ್ ಮೀನು ಹಿಡಿಯುವಂತಿಲ್ಲ. ಆದರೆ ಮುಯಿರ್‌ಖೂ ಉತ್ತರದಲ್ಲಿದ್ದರೆ ದಕ್ಷಿಣ ಖಾಲಿ. ಪಶ್ಚಿಮಕ್ಕೆ ಹೋದರೆ ಪೂರ್ವ ಖಾಲಿ. ಕಲ್ಲಿದ್ದಲಿನ ಹೊಗೆ ದೂರದಿಂದಲೇ ಕಾಣುತ್ತಿತ್ತು. ಬಲೆ ಎತ್ತಿ ಗೆರೆ ದಾಟಲು ಅಷ್ಟು ಹೊತ್ತು ಸಾಕು. ಸಣ್ಣ ದೋಣಿ ನಂಬಿ ಬದುಕುತ್ತಿದ್ದ ಪಶ್ಚಿಮದ ಬೆಸ್ತರಿಗೆ ಇದು ಹೊಟ್ಟೆಯ ಪ್ರಶ್ನೆ. ಹಡಗಿನ ಸಿಬ್ಬಂದಿಯನ್ನು ನಾನು ದೂರುವುದಿಲ್ಲ. ಒಂದು ಹಡಗು ಎರಡು ಕಡೆ ಇರಲು ಆಗುವುದಿಲ್ಲ.

ಐದು ವರ್ಷದ ನಂತರದ ಮಾತುಕತೆಯಿಂದ ಏನೂ ಬದಲಾಗಲಿಲ್ಲ. ಕಡಲ ರಕ್ಷಣೆ ಬ್ರಿಟನ್ನಿನದೇ ಜವಾಬ್ದಾರಿಯಾಗಿ ಉಳಿಯಿತು. ನಿಜ ಹೇಳಬೇಕೆಂದರೆ ಡಬ್ಲಿನ್ ಸರ್ಕಾರಕ್ಕೂ ಅದು ಅನುಕೂಲವೇ ಆಯಿತು. ನೌಕಾಪಡೆ ಎಂದರೆ ಭಾರಿ ಖರ್ಚು. ಬೇರೆಯವರು ನೋಡಿಕೊಳ್ಳುತ್ತಿದ್ದಾರೆ ಎಂದಮೇಲೆ ಯಾರು ಕೈ ಹಾಕುತ್ತಾರೆ? ಈ ಪ್ರಕರಣದಲ್ಲಿ ನನಗೆ ಕಾಣುವ ದೊಡ್ಡ ತಪ್ಪು ಇದೇ. 1924ರಲ್ಲಿ ಪಡೆಯನ್ನು ಪೂರ್ತಿ ಮುಚ್ಚದೆ ನಾಲ್ಕಾರು ಅಧಿಕಾರಿಗಳನ್ನು, ಒಂದು ತರಬೇತಿ ವ್ಯವಸ್ಥೆಯನ್ನು ಉಳಿಸಿಕೊಂಡಿದ್ದರೆ ಸಾಕಿತ್ತು. ಹಡಗನ್ನು ದುಡ್ಡು ಕೊಟ್ಟು ತರಬಹುದು. ಹಡಗು ನಡೆಸುವ ಜನ ತಯಾರಾಗಲು ವರ್ಷಗಟ್ಟಲೆ ಬೇಕು.

ಬಂದರು ಬಂತು, ಹಡಗಿಲ್ಲ

1932ರಲ್ಲಿ ಡಿ ವಲೇರಾ ಸರ್ಕಾರ ಬಂತು. 1938ರ ಏಪ್ರಿಲ್ 25ರಂದು ಅವರು ಬ್ರಿಟಿಷ್ ಪ್ರಧಾನಿ ಚೇಂಬರ್ಲಿನ್ ಜೊತೆ ಒಪ್ಪಂದ ಮಾಡಿಕೊಂಡು ಆ ಮೂರು ಬಂದರುಗಳನ್ನು ವಾಪಸು ಪಡೆದರು. ಜುಲೈ 11ರಂದು ಕಾರ್ಕ್ ಬಂದರಿನ ಸ್ಪೈಕ್ ದ್ವೀಪದಲ್ಲಿ ಬ್ರಿಟಿಷ್ ಬಾವುಟ ಇಳಿದು ಐರಿಷ್ ಬಾವುಟ ಏರಿತು. ಚರ್ಚಿಲ್‌ಗೆ ಇದು ಸ್ವಲ್ಪವೂ ಹಿಡಿಸಲಿಲ್ಲ. 1921ರಲ್ಲಿ ಒಪ್ಪಂದ ಮಾಡಿದ ಬ್ರಿಟಿಷ್ ನಿಯೋಗದಲ್ಲಿ ಅವರೂ ಇದ್ದರು. ಪಾರ್ಲಿಮೆಂಟಿನಲ್ಲಿ ಜೋರಾಗಿ ವಿರೋಧಿಸಿದರು.

ಐರ್ಲೆಂಡಿಗೆ ಇದು ನಿಜವಾದ ಗೆಲುವು. ಆದರೆ ಬಂದರಿನ ಜೊತೆಗೇ ಕಡಲಿನ ಜವಾಬ್ದಾರಿಯೂ ಬಂತು. ಹದಿನಾಲ್ಕು ತಿಂಗಳಿಗೆ, 1939ರ ಸೆಪ್ಟೆಂಬರ್‌ನಲ್ಲಿ, ಎರಡನೇ ಮಹಾಯುದ್ಧ ಶುರುವಾಯಿತು. ಐರ್ಲೆಂಡ್ ತಟಸ್ಥ ಎಂದು ಘೋಷಿಸಿತು. ತಟಸ್ಥ ಎಂದರೆ ಸುಮ್ಮನೆ ಕೂರುವುದಲ್ಲ. 1907ರ ಹೇಗ್ ಒಪ್ಪಂದದ ಪ್ರಕಾರ ತಟಸ್ಥ ದೇಶ ತನ್ನ ನೀರಿನ ಮೇಲೆ ಕಣ್ಣಿಡಬೇಕು. ಯುದ್ಧ ಮಾಡುವ ದೇಶಗಳು ಅದನ್ನು ಬಳಸದಂತೆ ಕೈಲಾದಷ್ಟು ತಡೆಯಬೇಕು. ಇಲ್ಲದಿದ್ದರೆ ತಟಸ್ಥತೆಯ ಮಾತಿಗೆ ಬೆಲೆ ಇರುವುದಿಲ್ಲ.

ಕಣ್ಣಿಡಲು ಇದ್ದದ್ದು ಏನು? 31 ವರ್ಷ ಹಳೆಯ ಮುಯಿರ್‌ಖೂ. ಜೊತೆಗೆ ‘ಫೋರ್ಟ್ ರಾನಕ್’ ಎಂಬ ಒಂದು ಟ್ರಾಲರ್, ಅದೂ ಮೀನುಗಾರಿಕೆ ಕೆಲಸದ್ದೇ. ಇಷ್ಟೇ.

ಸರ್ಕಾರ ತರಾತುರಿಯಲ್ಲಿ ‘ಮರೀನ್ ಆ್ಯಂಡ್ ಕೋಸ್ಟ್‌ವಾಚಿಂಗ್ ಸರ್ವಿಸ್’ ಆರಂಭಿಸಿತು. ಎರಡು ಹಡಗುಗಳನ್ನೂ ಇಲಾಖೆಯಿಂದ ತೆಗೆದುಕೊಂಡು ಫಿರಂಗಿ ಕೂರಿಸಿದರು. ಕರಾವಳಿಯುದ್ದಕ್ಕೂ 83 ಕಾವಲು ಗೂಡು ಕಟ್ಟಿ ಸ್ಥಳೀಯ ಜನರನ್ನು ಹಗಲು ರಾತ್ರಿ ಕೂರಿಸಿದರು. ಬ್ರಿಟನ್ನಿನಿಂದ ಆರು ಮೋಟಾರ್ ಟಾರ್ಪೆಡೊ ದೋಣಿ ಕೊಂಡರು. ವೇಗದ ದೋಣಿಗಳೇನೋ ಹೌದು. ಆದರೆ ಅಟ್ಲಾಂಟಿಕ್ ಅಲೆಗೆ ಹೇಳಿ ಮಾಡಿಸಿದವಲ್ಲ. ಹಾಗಾಗಿ ಕಡಲಿಗೆ ಇಳಿದು ದಿನಗಟ್ಟಲೆ ತಿರುಗುವ ಕೆಲಸ ಮತ್ತೆ ಹಳೆಯ ಹಡಗುಗಳ ಹೆಗಲಿಗೇ ಬಿತ್ತು. ತೇಲಿ ಬರುವ ಸ್ಫೋಟಕ ಮೈನುಗಳನ್ನು ಗುಂಡು ಹೊಡೆದು ಮುಳುಗಿಸುವುದು, ಬಂದರಿಗೆ ಬರುವ ಹಡಗುಗಳನ್ನು ತಪಾಸಣೆ ಮಾಡುವುದು, ಕಷ್ಟದಲ್ಲಿದ್ದವರ ಹುಡುಕಾಟ, ಜೊತೆಗೆ ಎಂದಿನ ಮೀನುಗಾರಿಕೆ ಕಾವಲು.

ಆ ಹೊತ್ತಿನ ಪ್ರಧಾನಿ ಡಿ ವಲೇರಾ. 1916ರಲ್ಲಿ ಯಾವ ಹಡಗು ಅವರ ಗಿರಣಿಯ ಕಡೆ ಷೆಲ್ ಹಾಕಿತ್ತೋ, 1939ರಲ್ಲಿ ಅವರ ದೇಶದ ತಟಸ್ಥತೆಯನ್ನು ನೀರಿನ ಮೇಲೆ ಎತ್ತಿ ಹಿಡಿದದ್ದು ಅದೇ ಹಡಗು. ಅದೇ ಮೈ, ಅದೇ ಎಂಜಿನ್ನು. ಮೇಲೆ ಹಾರುತ್ತಿದ್ದ ಬಾವುಟ ಮಾತ್ರ ಹಸಿರು, ಬಿಳಿ, ಕಿತ್ತಳೆ.

ಟಸ್ಕರ್ ಬಂಡೆಯ ಹತ್ತಿರ

ಯುದ್ಧ ಮುಗಿದಾಗ ಐರ್ಲೆಂಡ್ ಈ ಸಲ ಪಡೆಯನ್ನು ಮುಚ್ಚಲಿಲ್ಲ. 1946ರಲ್ಲಿ ಕಾಯಂ ನೌಕಾಪಡೆ ಶುರುವಾಯಿತು. ಬ್ರಿಟನ್ನಿನಿಂದ ಮೂರು ಫ್ಲವರ್ ದರ್ಜೆಯ ಕಾರ್ವೆಟ್, ಅಂದರೆ ಸಣ್ಣ ಯುದ್ಧನೌಕೆ, ಕೊಂಡರು. ಐರಿಷ್ ಪುರಾಣದ ಹೆಣ್ಣುಗಳ ಹೆಸರಿಟ್ಟರು: ಮಾಖಾ, ಮೇವ್, ಕ್ಲೀನಾ. ಕವಿ ಯೇಟ್ಸ್ ಅವರ ಪಾರ್ಥಿವ ಶರೀರವನ್ನು 1948ರಲ್ಲಿ ಫ್ರಾನ್ಸಿನಿಂದ ಊರಿಗೆ ತಂದದ್ದು ಇದೇ ಮಾಖಾ.

ಹೊಸ ಹಡಗುಗಳು ಬಂದಮೇಲೆ ಮುಯಿರ್‌ಖೂಗೆ ಕೆಲಸ ಇರಲಿಲ್ಲ. ಅದನ್ನು ಗುಜರಿಗೆ ಮಾರಿದರು. ಕಾರ್ಕ್ ಬಂದರಿನಿಂದ ಡಬ್ಲಿನ್ನಿಗೆ ಒಯ್ದು, ಅಲ್ಲಿ ಒಡೆದು ಕಬ್ಬಿಣ ಮಾಡುವುದು ಎಂದು ತೀರ್ಮಾನ. ಅಂದರೆ ಹುಟ್ಟಿದ ಊರಿನಲ್ಲೇ, ಗುಂಡು ಹಾರಿಸಿದ ಊರಿನಲ್ಲೇ ಅದರ ಕೊನೆ ಆಗಬೇಕಿತ್ತು.

1947ರ ಮೇ 8ರಂದು, ದಾರಿಯಲ್ಲಿ, ವೆಕ್ಸ್‌ಫರ್ಡ್ ತೀರದ ಟಸ್ಕರ್ ಬಂಡೆಯ ಹತ್ತಿರ ಹಡಗಿಗೆ ನೀರು ನುಗ್ಗಿತು. 39 ವರ್ಷದ ಮೈ, ಅದು ತಡೆಯಲಿಲ್ಲ. ಮುಯಿರ್‌ಖೂ ಮುಳುಗಿತು. ಡಬ್ಲಿನ್ ಇನ್ನೂ ದೂರವಿತ್ತು. ಹಡಗಿನಲ್ಲಿದ್ದವರೆಲ್ಲ ಬದುಕಿದರು. ಅವರನ್ನು ಎತ್ತಿಕೊಂಡದ್ದು ವೇಲ್ಸ್ ಕಡೆಯಿಂದ ಬಂದಿದ್ದ ಒಂದು ಮೀನಿನ ಟ್ರಾಲರ್.